ಜಗಲಿಗೆ ಬಂದ ಅಂತರ್ಜಾಲ ಅಡುಗೆಮನೆಗೆ ಏಕೆ ಬಾರದು?

ಮಲೆನಾಡಿನ ಮನೆಗಳಲ್ಲಿ ವೈಫೈ ಪೆಟ್ಟಿಗೆ ಎಲ್ಲಿದೆ ಎಂಬುದನ್ನು ಒಮ್ಮೆ ಗಮನಿಸಬೇಕು. ಹೆಚ್ಚಿನ ಮನೆಗಳಲ್ಲಿ ಅದು ಜಗಲಿಯಲ್ಲಿದೆ, ಟಿ.ವಿ.ಯ ಪಕ್ಕದಲ್ಲಿ, ಕ್ಯಾಲೆಂಡರಿನ ಕೆಳಗೆ, ಹಿಂದೆ ಸ್ಥಿರ ದೂರವಾಣಿ ಇದ್ದ ಅದೇ ಮೂಲೆಯಲ್ಲಿ. ಕೇಬಲ್ ಎಳೆಯಲು ಬಂದ ಹುಡುಗರಿಗೆ ಕತ್ತಲಾಗುವುದರೊಳಗೆ ಇನ್ನೆರಡು ಮನೆ ಮುಗಿಸುವ ಅವಸರ. ತಂತಿ ಒಳಬರುವ ಮೊದಲ ಗೋಡೆಗೇ ಮೊಳೆ ಹೊಡೆದು, ಪೆಟ್ಟಿಗೆ ತೂಗುಹಾಕಿ, ಯಜಮಾನರ ಮೊಬೈಲಿನಲ್ಲಿ ಒಂದು ಹಾಡು ಓಡಿಸಿ ತೋರಿಸಿ ಹೊರಟುಬಿಡುತ್ತಾರೆ. ಅಡಿಕೆಯ ಧಾರಣೆ ನೋಡುವವರು, ಯಕ್ಷಗಾನದ ತುಣುಕು ನೋಡುವವರು ಜಗಲಿಯಲ್ಲೇ ಕೂರುವವರಾದ್ದರಿಂದ ಅವರಿಗೆ ಯಾವ ಕೊರತೆಯೂ ಕಾಣುವುದಿಲ್ಲ. ಕೊರತೆ ಕಾಣುವುದು ಒಳಗಿರುವವರಿಗೆ. ಮೆತ್ತಿನ ಕೋಣೆಯಲ್ಲಿ ಓದುವ ಮಗಳಿಗೆ, ಅಡುಗೆಮನೆಯಲ್ಲಿ ಒಲೆಯ ಮುಂದೆ ನಿಂತು ತವರಿನವರೊಡನೆ ಎರಡು ಮಾತಾಡಬೇಕೆನ್ನುವ ಗೃಹಿಣಿಗೆ, ಹಿಂದಿನ ಕೋಣೆಯಲ್ಲಿ ಮಲಗಿದಲ್ಲೇ ಇರುವ ಅಜ್ಜಿಗೆ. ‘ಒಳಗೆ ನೆಟ್ ಬತ್ತಿಲ್ಲೆ’ ಎಂಬ ಮಾತು ಶಿರಸಿ ಸೀಮೆಯ ಎಷ್ಟೋ ಮನೆಗಳಲ್ಲಿ ಕೇಳಿಬರುವುದು ಹೆಣ್ಣುಮಕ್ಕಳ ಬಾಯಿಂದಲೇ.

ಇದನ್ನು ಅವರವರ ಮನೆಯ ಸಣ್ಣ ತೊಂದರೆಯೆಂದು ತಳ್ಳಿಹಾಕುವುದು ಸುಲಭ. ಬೆಟ್ಟ, ಹೊಳೆ, ಸೊಪ್ಪಿನಬೆಟ್ಟಗಳ ಬಗ್ಗೆ ಬರೆಯುವ ಪತ್ರಿಕೆಗೆ ವೈಫೈ ಪೆಟ್ಟಿಗೆಯ ಗೊಡವೆ ಏಕೆ ಎಂದು ಕೇಳುವವರೂ ಇದ್ದಾರು. ಆದರೆ ಬೆಟ್ಟದ ನೆತ್ತಿಯ ಮೇಲೆ ಏಳುವ ಗೋಪುರಕ್ಕೂ, ಸಿಗ್ನಲ್‌ಗೆ ಅಡ್ಡವೆಂದು ಕೊಡಲಿಯೇಟು ತಿನ್ನುವ ಹಲಸಿನ ಮರಕ್ಕೂ, ಜಗಲಿಯ ಮೂಲೆಯ ಆ ಪೆಟ್ಟಿಗೆಗೂ ಇರುವ ಸಂಬಂಧ ಮೇಲ್ನೋಟಕ್ಕೆ ತೋರುವುದಕ್ಕಿಂತ ಹತ್ತಿರದ್ದು.

2020 ಮತ್ತು 2021ರ ಮಳೆಗಾಲಗಳನ್ನು ಮಲೆನಾಡು ಮರೆತಿಲ್ಲ. ಶಾಲೆಗಳು ಮುಚ್ಚಿದ್ದವು, ಪಾಠ ಮೊಬೈಲಿಗೆ ಬಂದಿತ್ತು, ಮೊಬೈಲಿಗೆ ಸಂಕೇತ ಬರುತ್ತಿದ್ದುದು ಗುಡ್ಡದ ತುದಿಯಲ್ಲಿ ಮಾತ್ರ. ಸುಳ್ಯ ತಾಲೂಕಿನ ಹಳ್ಳಿಯೊಂದರಲ್ಲಿ ಸುರಿಯುವ ಮಳೆಯಲ್ಲಿ ರಸ್ತೆಯಂಚಿಗೆ ಕುಳಿತು ಪಾಠ ಕೇಳುತ್ತಿದ್ದ ಹುಡುಗಿಗೆ ತಂದೆ ಕೊಡೆ ಹಿಡಿದು ನಿಂತಿದ್ದ ಚಿತ್ರ 2021ರ ಜೂನ್‌ನಲ್ಲಿ ದೇಶದಾದ್ಯಂತ ಪ್ರಕಟವಾಯಿತು. ಶಿವಮೊಗ್ಗ, ಉತ್ತರ ಕನ್ನಡದ ಹಳ್ಳಿಗಳಲ್ಲಿ ನೆಟ್‌ವರ್ಕ್ ಇಲ್ಲದಿದ್ದರೆ ಮತವೂ ಇಲ್ಲ ಎಂಬ ಫಲಕಗಳು ಎದ್ದವು. ಆ ಕೂಗು ನ್ಯಾಯವಾದದ್ದೇ ಆಗಿತ್ತು. ಅದರ ಫಲವೂ ಸ್ವಲ್ಪಮಟ್ಟಿಗೆ ದೊರೆಯಿತು. ಸಂಪರ್ಕವಿಲ್ಲದ 24,680 ಹಳ್ಳಿಗಳಿಗೆ ನಾಲ್ಕನೇ ಪೀಳಿಗೆಯ ಸೇವೆ ಒದಗಿಸುವ 26,316 ಕೋಟಿ ರೂಪಾಯಿಗಳ ಯೋಜನೆಗೆ ಕೇಂದ್ರ ಸಚಿವ ಸಂಪುಟವು 2022ರ ಜುಲೈನಲ್ಲಿ ಒಪ್ಪಿಗೆ ನೀಡಿತು. ಅದರ ಗೋಪುರಗಳು ಮಲೆನಾಡಿನ ಕಾಡಂಚಿನಲ್ಲಿಯೂ ಎದ್ದಿವೆ. ಇನ್ನೊಂದೆಡೆ, 2011ರಲ್ಲಿ ಮಂಜೂರಾಗಿ ಮುಂದೆ ಭಾರತ್‌ನೆಟ್ ಎಂಬ ಹೆಸರು ಪಡೆದ ಯೋಜನೆಯಿಂದಲೂ, ಊರಿನ ಕೇಬಲ್ ನಡೆಸುವವರ ಸಾಹಸದಿಂದಲೂ ಬೆಳಕಿನ ತಂತಿ ಎಷ್ಟೋ ಒಂಟಿ ಮನೆಗಳ ಅಂಗಳಕ್ಕೆ ಬಂದು ಮುಟ್ಟಿದೆ. ಮರದಿಂದ ಮರಕ್ಕೆ ಹಾಯ್ದು, ತೋಟ ದಾಟಿ, ಹಳ್ಳದ ಮೇಲೆ ತೂಗಾಡುತ್ತ ಬಂದ ಆ ತಂತಿಯನ್ನು ನೋಡಿದರೆ ಸಂತೋಷವೂ ಆಗುತ್ತದೆ, ಭಯವೂ ಆಗುತ್ತದೆ.

ವಿಚಿತ್ರವೆಂದರೆ ತಂತಿ ಬಂದ ಮನೆಗಳಲ್ಲಿಯೂ ‘ನೆಟ್‌ವರ್ಕ್ ಇಲ್ಲ’ ಎಂಬ ದೂರು ನಿಂತಿಲ್ಲ. ಐದಾರು ಕಿಲೋಮೀಟರು ಕಾಡು ದಾಟಿ ಬಂದ ಸಂಪರ್ಕ ಕೊನೆಯ ಮೂವತ್ತು ಅಡಿಯಲ್ಲಿ ಸೋಲುತ್ತಿದೆ. ಮನೆಯವರು ಕಂಪನಿಗೆ ಬಯ್ಯುತ್ತಾರೆ, ಇನ್ನೂ ಹೆಚ್ಚಿನ ವೇಗದ ಯೋಜನೆಗೆ ಹಣ ಕಟ್ಟುತ್ತಾರೆ, ಏನೂ ಬದಲಾಗುವುದಿಲ್ಲ. ಕೊಳವೆಯಲ್ಲಿ ನೀರು ತುಂಬಿ ಬರುತ್ತಿದ್ದರೂ ನಲ್ಲಿಯನ್ನು ಅಂಗಳದ ತುದಿಯಲ್ಲಿಟ್ಟು ಹಿತ್ತಲ ಗಿಡ ಒಣಗಿತೆಂದು ಪಂಚಾಯಿತಿಯನ್ನು ದೂರಿದಂತಾಯಿತು. ಆಮೇಲೆ ಊರಿನ ಸಭೆಯಲ್ಲಿ ಹೊಸ ಗೋಪುರದ ಬೇಡಿಕೆ ಮಂಡನೆಯಾಗುತ್ತದೆ. ಮನೆಯೊಳಗಿನ ತೊಂದರೆಗೆ ಬೆಟ್ಟದ ಮೇಲೆ ಪರಿಹಾರ ಹುಡುಕುವ ಈ ಅಭ್ಯಾಸವನ್ನು ಮೊದಲು ಪ್ರಶ್ನಿಸಬೇಕಾಗಿದೆ.

ವೈಫೈ ಎನ್ನುವುದು ರೇಡಿಯೋ ಅಲೆ. ಅದು ಗೋಡೆಯನ್ನು ಹಾದು ಹೋಗಬಲ್ಲದು, ಆದರೆ ಪ್ರತಿ ಗೋಡೆಗೂ ಸುಂಕ ಕೊಟ್ಟೇ ಹೋಗಬೇಕು. ತೆಳುವಾದ ಹಲಗೆಯ ತಡಿಕೆಗೆ ಸುಂಕ ಕಡಿಮೆ. ಒಂದೂವರೆ ಅಡಿ ದಪ್ಪದ ಮಣ್ಣಿನ ಗೋಡೆಗೆ, ಚಿರೇಕಲ್ಲಿನ ಗೋಡೆಗೆ ಸುಂಕ ಹೆಚ್ಚು. ಆ ಗೋಡೆ ಆಷಾಢದಲ್ಲಿ ನೀರು ಹೀರಿಕೊಂಡಿದ್ದರಂತೂ ಇನ್ನೂ ಹೆಚ್ಚು. ಏಕೆಂದರೆ ನೀರು ಈ ಅಲೆಗಳನ್ನು ಚೆನ್ನಾಗಿ ನುಂಗುತ್ತದೆ. ಬೇಸಿಗೆಯಲ್ಲಿ ನಡುಮನೆಯವರೆಗೆ ಬರುತ್ತಿದ್ದ ವೈಫೈ ಮಳೆಗಾಲದಲ್ಲಿ ಹೊಸ್ತಿಲಲ್ಲೇ ನಿಲ್ಲುತ್ತದೆ ಎಂಬ ದೂರಿಗೆ ಇದು ಒಂದು ಕಾರಣವಾಗಿರಬಹುದು. ಇನ್ನು ಲೋಹ. ತಗಡು, ಉಕ್ಕಿನ ಕಪಾಟು, ದೊಡ್ಡ ಹಂಡೆ, ಇವು ಅಲೆಯನ್ನು ನುಂಗುವುದಿಲ್ಲ, ತಿರುಗಿಸಿ ಕಳುಹಿಸುತ್ತವೆ. ಕಳೆದ ಇಪ್ಪತ್ತು ವರ್ಷಗಳಲ್ಲಿ ಮಲೆನಾಡಿನ ಹೆಂಚಿನ ಮಾಡುಗಳು ಒಂದೊಂದಾಗಿ ತಗಡಿಗೆ ಬದಲಾದವು. ಮಂಗಗಳ ಕಾಟ, ಹೆಂಚು ಹೊಚ್ಚುವವರ ಅಭಾವ, ಕಾರಣಗಳೇನೋ ಸರಿಯಾಗಿಯೇ ಇದ್ದವು. ಆದರೆ ಹೆಂಚಿನ ಮಾಡಿನ ಮೂಲಕ ಸಲೀಸಾಗಿ ಇಳಿಯುತ್ತಿದ್ದ ಮೊಬೈಲ್ ಸಂಕೇತಕ್ಕೆ ತಗಡು ಕೊಡೆ ಹಿಡಿದಂತಾಯಿತು. ತಗಡು ಹೊದೆಸಿದ ಮೇಲೆ ಮನೆಯೊಳಗೆ ಫೋನು ಹತ್ತುವುದಿಲ್ಲವೆಂದು ಕಂಪನಿಯನ್ನು ದೂರಿದವರು ಮೇಲೆ ಕತ್ತೆತ್ತಿ ನೋಡಲಿಲ್ಲ.

ಈಗಿನ ರೌಟರ್‌ಗಳು ಸಾಮಾನ್ಯವಾಗಿ ಎರಡು ಪಟ್ಟಿಗಳಲ್ಲಿ ಕೆಲಸ ಮಾಡುತ್ತವೆ. 2.4 ಗಿಗಾಹರ್ಟ್ಸ್‌ನ ಅಲೆಯ ಉದ್ದ ಸುಮಾರು ಹನ್ನೆರಡೂವರೆ ಸೆಂಟಿಮೀಟರ್. 5 ಗಿಗಾಹರ್ಟ್ಸ್‌ನದು ಅದರ ಅರ್ಧಕ್ಕಿಂತಲೂ ಕಡಿಮೆ. ಎರಡನೆಯದು ವೇಗದ್ದು, ಆದರೆ ಗೋಡೆಗೆ ಬೇಗ ಸೋಲುತ್ತದೆ. ಪೇಟೆಯ ಚಿಕ್ಕ ಮನೆಗೆ ಅದು ಒಳ್ಳೆಯದು. ನಾಲ್ಕು ಅಂಕಣದ ಹಳೆಯ ಮನೆಗೆ, ಅಂಗಳದಾಚೆಯ ಕೊಟ್ಟಿಗೆಗೆ, ನಿಧಾನವಾದರೂ ದೂರ ನಡೆಯಬಲ್ಲ 2.4 ಗಿಗಾಹರ್ಟ್ಸ್ ಲೇಸು. ಪೆಟ್ಟಿಗೆಯೊಂದಿಗೆ ಬಂದ ಹುಡುಗರು ಎರಡಕ್ಕೂ ಒಂದೇ ಹೆಸರಿಟ್ಟು ಹೋಗಿದ್ದರೆ, ಎರಡಕ್ಕೆ ಬೇರೆ ಬೇರೆ ಹೆಸರಿಟ್ಟುಕೊಂಡು ಯಾವ ಕೋಣೆಗೆ ಯಾವುದು ಹಿತವೆಂದು ನೋಡಿಕೊಳ್ಳಬಹುದು.

ಹೀಗಿರುವಾಗ ಮೊದಲ ಮದ್ದು ಖರ್ಚಿಲ್ಲದ್ದು. ಪೆಟ್ಟಿಗೆಯ ಜಾಗ ಬದಲಿಸುವುದು. ಜಗಲಿಯ ತುದಿಯಲ್ಲಿದ್ದಾಗ ಅದರ ಅರ್ಧ ಶಕ್ತಿ ಅಂಗಳಕ್ಕೆ, ತುಳಸಿಕಟ್ಟೆಗೆ, ತೋಟದ ದಾರಿಗೆ ವ್ಯರ್ಥವಾಗಿ ಹೋಗುತ್ತಿರುತ್ತದೆ. ನಡುಮನೆಯಲ್ಲಿ, ಆಳೆತ್ತರಕ್ಕಿಂತ ಮೇಲೆ, ಸಾಧ್ಯವಾದರೆ ಅಟ್ಟದ ತೊಲೆಯ ಮಟ್ಟದಲ್ಲಿ ಕೂರಿಸಿದರೆ ಅದೇ ಶಕ್ತಿ ನಾಲ್ಕೂ ದಿಕ್ಕಿನ ಕೋಣೆಗಳಿಗೆ ಹಂಚಿಹೋಗುತ್ತದೆ. ಕಪಾಟಿನೊಳಗೆ, ಟಿ.ವಿ.ಯ ಬೆನ್ನಿಗೆ, ಅಡಿಕೆ ಮೂಟೆಗಳ ಸಂದಿಗೆ ಅದನ್ನು ಇಡಬಾರದು. ಚಂದ ಕಾಣುವುದಿಲ್ಲವೆಂದು ಬಟ್ಟೆ ಹೊದೆಸಿ, ಅದರ ಮೇಲೆ ಹಿತ್ತಾಳೆಯ ಹೂದಾನಿ ಇಟ್ಟ ಮನೆಗಳೂ ಇವೆ. ಪೆಟ್ಟಿಗೆ ಬಿಸಿಯಾಗಿ ಸಾಯುವುದಕ್ಕೆ ಅಷ್ಟು ಸಾಕು. ಮೇಲೆ ಚಾಚಿದ ಕೋಲಿನಂಥ ಆಂಟೆನಾ ಇದ್ದರೆ ಅದರಿಂದ ಹೊರಡುವ ಅಲೆಯ ಹರವು ಉದ್ದಿನ ವಡೆಯಂತಿರುತ್ತದೆ. ಕೋಲು ವಡೆಯ ತೂತಿನಲ್ಲಿ ನಿಂತಿದೆ ಎಂದು ಭಾವಿಸಬೇಕು. ಅಡ್ಡಕ್ಕೆ ಅಲೆ ಹರಡುತ್ತದೆ, ಕೋಲಿನ ನೇರ ಮೇಲಕ್ಕೂ ಕೆಳಕ್ಕೂ ಕಡಿಮೆ. ಆದ್ದರಿಂದ ಪೆಟ್ಟಿಗೆಯ ನೇರ ಮೇಲಿರುವ ಮೆತ್ತಿನ ಕೋಣೆಗೆ ವೈಫೈ ಬೇಕಾದರೆ ಎರಡು ಕೋಲುಗಳಲ್ಲಿ ಒಂದನ್ನು ಮಲಗಿಸಬೇಕು. ಇದಕ್ಕೆ ಯಾವ ಎಂಜಿನಿಯರನೂ ಬೇಕಿಲ್ಲ.

ಊಹೆಯಿಂದ ಕೆಲಸ ಮಾಡುವ ಬದಲು ಅಳೆದು ನೋಡುವುದು ಮೇಲು. ವಿದ್ಯಾರ್ಥಿಗಳಿಗೆ ಇದು ಒಂದು ಭಾನುವಾರದ ಕೆಲಸ. ಸಂಕೇತದ ಬಲ ತೋರಿಸುವ ಉಚಿತ ತಂತ್ರಾಂಶಗಳು ಮೊಬೈಲಿಗೆ ದೊರೆಯುತ್ತವೆ. ಮನೆಯ ನಕ್ಷೆಯನ್ನು ಕಾಗದದ ಮೇಲೆ ಬರೆದು, ಕೋಣೆ ಕೋಣೆಗೂ ಹೋಗಿ ಅಂಕಿ ಗುರುತು ಹಾಕಿಕೊಳ್ಳಬೇಕು. ಅಂಕಿಗಳು ಋಣ ಸಂಖ್ಯೆಯಲ್ಲಿರುತ್ತವೆ. ಮೈನಸ್ 50ರ ಸುತ್ತ ಇದ್ದರೆ ಉತ್ತಮ. ಮೈನಸ್ 67ರವರೆಗೆ ಪಾಠದ ವಿಡಿಯೋ ತಡೆಯಿಲ್ಲದೆ ಓಡುತ್ತದೆ. ಮೈನಸ್ 80 ದಾಟಿದರೆ ಫೋನಿನಲ್ಲಿ ಗುರುತು ಕಾಣಿಸಿದರೂ ಕೆಲಸ ಸಾಗದು. ಮೂರು ಅಂಕಿ ಇಳಿಯಿತೆಂದರೆ ಶಕ್ತಿ ಅರ್ಧಕ್ಕೆ ಇಳಿಯಿತೆಂದು ಅರ್ಥ. ಪೆಟ್ಟಿಗೆಯ ಜಾಗ ಬದಲಿಸಿ ಮತ್ತೊಮ್ಮೆ ಅಳೆದರೆ ಮನೆಯವರಿಗೆ ವಾದ ಮಾಡಲು ಎಡೆಯೇ ಇರುವುದಿಲ್ಲ. ಭೌತಶಾಸ್ತ್ರದ ಪುಸ್ತಕದಲ್ಲಿ ಓದಿದ ಪ್ರತಿಫಲನ, ಹೀರಿಕೆಗಳು ಉಕ್ಕಿನ ಕಪಾಟಿನ ಹಿಂದೆಯೂ ಬಚ್ಚಲಿನ ಹಸಿಗೋಡೆಯ ಹಿಂದೆಯೂ ಅಂಕಿಯಾಗಿ ಸಿಗುವುದು ಸಣ್ಣ ಲಾಭವಲ್ಲ.

ಜಾಗ ಬದಲಿಸಿದರೂ ತಲುಪದಷ್ಟು ದೊಡ್ಡ ಮನೆಗಳಿವೆ. ಆಗ ಅಂಗಡಿಯವರು ಕೊಡುವುದು ಗೋಡೆಯ ಪ್ಲಗ್ಗಿಗೆ ಸಿಕ್ಕಿಸುವ ರಿಪೀಟರ್. ಅದು ಬರುವ ಮಾತನ್ನು ಕೇಳಿಸಿಕೊಂಡು ಅದೇ ದಾರಿಯಲ್ಲಿ ಮತ್ತೆ ಕೂಗಿ ಹೇಳುವ ಯಂತ್ರ. ಕೇಳುವುದಕ್ಕೂ ಹೇಳುವುದಕ್ಕೂ ಒಂದೇ ಬಾಯಿ ಇರುವ ಅಗ್ಗದ ರಿಪೀಟರಿನಲ್ಲಿ ವೇಗ ಸುಮಾರು ಅರ್ಧವಾಗುತ್ತದೆ. ಅದನ್ನು ಸಂಕೇತವೇ ಇಲ್ಲದ ಕೋಣೆಯಲ್ಲಿ ಸಿಕ್ಕಿಸಿ ಪ್ರಯೋಜನವಿಲ್ಲವೆಂದು ಎಸೆದವರು ಬಹಳ; ಅದು ಇರಬೇಕಾದದ್ದು ಸಂಕೇತ ಇನ್ನೂ ಚೆನ್ನಾಗಿರುವ ನಡುದಾರಿಯಲ್ಲಿ. ಇದಕ್ಕಿಂತ ಎಷ್ಟೋ ಮೇಲಾದದ್ದು ಒಂದು ತಂತಿ. ಮೊದಲ ಪೆಟ್ಟಿಗೆಯಿಂದ ಈಥರ್ನೆಟ್ ತಂತಿಯನ್ನು ತೊಲೆಯ ಗುಂಟ ಎಳೆದು, ಮನೆಯ ಇನ್ನೊಂದು ತುದಿಯಲ್ಲಿ ಹಳೆಯ ರೌಟರೊಂದನ್ನು ಅದಕ್ಕೆ ಜೋಡಿಸಿದರೆ ವೇಗ ಕುಂದದೆ ಆ ತುದಿಯೂ ಬೆಳಗುತ್ತದೆ. ಈ ತಂತಿ ನೂರು ಮೀಟರಿನವರೆಗೆ ಸಾಗಬಲ್ಲದು. ಮಲೆನಾಡಿನ ಯಾವ ಮನೆಯೂ ಅದಕ್ಕಿಂತ ಉದ್ದವಿಲ್ಲ.

ಹಳೆಯ ರೌಟರ್ ಎಂಬ ಮಾತನ್ನು ಬೇಕೆಂದೇ ಇಲ್ಲಿ ಹೇಳಿದ್ದು. ಕಂಪನಿ ಬದಲಿಸಿದಾಗಲೆಲ್ಲ ಹೊಸ ಪೆಟ್ಟಿಗೆ ಬರುತ್ತದೆ, ಹಳೆಯದು ಅಟ್ಟ ಸೇರುತ್ತದೆ, ಕೊನೆಗೆ ಗೊಬ್ಬರಗುಂಡಿಯ ಪಕ್ಕದಲ್ಲಿ ಪ್ಲಾಸ್ಟಿಕ್ಕಿನೊಂದಿಗೆ ಸುಟ್ಟುಹೋಗುತ್ತದೆ. 2023ರ ಏಪ್ರಿಲ್‌ನಿಂದ ಜಾರಿಗೆ ಬಂದ ಇ-ತ್ಯಾಜ್ಯ ನಿಯಮಗಳು ತಯಾರಕರ ಮೇಲೆ ಹೊಣೆ ಹೊರಿಸಿದ್ದರೂ ಘಟ್ಟದ ಹಳ್ಳಿಗೆ ಅದನ್ನು ಒಯ್ಯಲು ಯಾರೂ ಬಂದದ್ದಿಲ್ಲ. ಹೆಚ್ಚಿನ ಹಳೆಯ ರೌಟರ್‌ಗಳನ್ನು ಅವುಗಳ ಒಳಗಿನ ವ್ಯವಸ್ಥೆಯಲ್ಲಿ ‘ಆ್ಯಕ್ಸೆಸ್ ಪಾಯಿಂಟ್’ ಎಂದು ಬದಲಿಸಿಕೊಂಡು ಇನ್ನೂ ಹತ್ತು ವರ್ಷ ದುಡಿಸಬಹುದು. ಕಂಪನಿ ಕೈಬಿಟ್ಟ ಯಂತ್ರಗಳಿಗೆ ಜೀವ ತುಂಬುವ ಓಪನ್‌ಡಬ್ಲ್ಯುಆರ್‌ಟಿ ಎಂಬ ಮುಕ್ತ ತಂತ್ರಾಂಶ 2004ರಿಂದ ನಡೆದುಬಂದಿದೆ. ಹರಿದ ಕಂಬಳಿಯನ್ನು ಕಣದಲ್ಲಿ ಹಾಸುವ, ಮುರಿದ ನೇಗಿಲಿನ ಈಸನ್ನು ಬೇಲಿಗೆ ನೆಡುವ ಊರಿನ ಜನಕ್ಕೆ ಈ ಬುದ್ಧಿ ಹೊಸತಾಗಬಾರದು.

ಸಿಡಿಲಿನ ಮಾತನ್ನು ಆಡದೆ ಮಲೆನಾಡಿನಲ್ಲಿ ತಂತಿಯ ಮಾತು ಪೂರ್ಣವಾಗದು. ಏಪ್ರಿಲ್, ಮೇ ತಿಂಗಳ ಗುಡುಗುಮಳೆಗೆ ಹಿಂದೆ ತಾಮ್ರದ ದೂರವಾಣಿ ತಂತಿಯ ಮೂಲಕ ಬಂದ ಸಿಡಿಲು ಸುಟ್ಟ ಮೋಡೆಮ್‌ಗಳಿಗೆ ಲೆಕ್ಕವಿಲ್ಲ. ಬೆಳಕಿನ ತಂತಿಯ ಗಾಜಿನ ಎಳೆಯಲ್ಲಿ ವಿದ್ಯುತ್ ಹರಿಯದು. ಆದರೆ ಅದಕ್ಕೆ ಆಧಾರವಾಗಿ ಉಕ್ಕಿನ ತಂತಿ ಇದ್ದರೆ ಅದನ್ನು ಮನೆಯ ಹೊರಗೇ ನಿಲ್ಲಿಸಬೇಕು, ಪೆಟ್ಟಿಗೆಯವರೆಗೆ ತರಬಾರದು. ಮನೆಯಿಂದ ಕೊಟ್ಟಿಗೆಗೋ ಅಡಿಕೆ ಸುಲಿಯುವ ಚಪ್ಪರಕ್ಕೋ ತಾಮ್ರದ ಈಥರ್ನೆಟ್ ತಂತಿಯನ್ನು ಬಯಲಲ್ಲಿ ಎಳೆಯುವುದು ಸಿಡಿಲಿಗೆ ಆಮಂತ್ರಣ ಕೊಟ್ಟಂತೆ. ಅಲ್ಲಿ ಗಾಜಿನ ತಂತಿಯನ್ನೋ ನಿಸ್ತಂತು ಕೊಂಡಿಯನ್ನೋ ಬಳಸಬೇಕು. ಉಳಿದ ದಾರಿ ವಿದ್ಯುತ್ ಪ್ಲಗ್ಗಿನದು. ಮೋಡ ಕವಿದಾಗ ಅದನ್ನು ಕಿತ್ತಿಡುವ ಅಜ್ಜನ ಪದ್ಧತಿಗೆ ಸಮನಾದ ರಕ್ಷಣೆ ಇನ್ನೂ ಬಂದಿಲ್ಲ.

ವಿದ್ಯುತ್ತಿನ ಪ್ರಶ್ನೆ ಇದಕ್ಕೆ ಅಂಟಿಕೊಂಡೇ ಇದೆ. ಮಳೆಗಾಲದಲ್ಲಿ ಮರ ಬಿದ್ದು ಮೂರು ದಿನ ಕರೆಂಟು ಹೋದಾಗಲೇ ಹೊರಗಿನ ಸಂಪರ್ಕ ಬೇಕಾಗುವುದು. 2018ರಲ್ಲಿ ಕೊಡಗಿನ ಗುಡ್ಡಗಳು ಜಾರಿದವು. 2024ರ ಜುಲೈನಲ್ಲಿ ಅಂಕೋಲಾದ ಶಿರೂರಿನಲ್ಲಿ ಗುಡ್ಡ ಹೆದ್ದಾರಿಯ ಮೇಲೆ ಬಿತ್ತು. ಅಂಥ ರಾತ್ರಿಗಳಲ್ಲಿ ಒಂದು ಸಂದೇಶ ತಲುಪುವುದಕ್ಕೂ ತಲುಪದಿರುವುದಕ್ಕೂ ಇರುವ ಅಂತರ ದೊಡ್ಡದು. ರೌಟರ್ ಬಯಸುವುದು ಹತ್ತು ವ್ಯಾಟಿನಷ್ಟು. ದಿನವಿಡೀ ಉರಿದರೂ ತಿಂಗಳಿಗೆ ಏಳೆಂಟು ಯೂನಿಟ್. ಅದು ನಡೆಯುವುದು 12 ವೋಲ್ಟಿನಲ್ಲಿ. ಇನ್ವರ್ಟರಿನ ಮೂಲಕ ಬ್ಯಾಟರಿಯ ವಿದ್ಯುತ್ತನ್ನು 230ಕ್ಕೆ ಏರಿಸಿ, ಅಡಾಪ್ಟರಿನಲ್ಲಿ ಮತ್ತೆ 12ಕ್ಕೆ ಇಳಿಸುವ ವ್ಯರ್ಥ ಪ್ರಯಾಣವನ್ನು ತಪ್ಪಿಸಿ, ರೌಟರಿಗೆಂದೇ ದೊರೆಯುವ ಚಿಕ್ಕ ಯುಪಿಎಸ್ ಬಳಸಿದರೆ ನಾಲ್ಕೈದು ಗಂಟೆ ನಿಶ್ಚಿಂತೆ. ಹಳ್ಳದ ನೀರಿನಿಂದ ತಿರುಗುವ ಕಿರು ಜಲವಿದ್ಯುತ್ ಯಂತ್ರ ಇರುವ ಮನೆಗಳಿಗೆ ಈ ಚಿಂತೆಯೂ ಇಲ್ಲ. ಸೌರಫಲಕ ಕೈಕೊಡುವ ತಿಂಗಳುಗಳಲ್ಲೇ ಹಳ್ಳ ತುಂಬಿ ಹರಿಯುತ್ತದೆ. ಆದರೆ ಕಂಬದ ಮೇಲಿನ ತಂತಿಗೆ ಬೆಳಕು ಕಳಿಸುವ ಊರಿನ ಕೇಂದ್ರದಲ್ಲಿಯೇ ಬ್ಯಾಟರಿ ಸತ್ತಿದ್ದರೆ ಮನೆಯ ಯುಪಿಎಸ್ ಏನು ಮಾಡೀತು? ಗ್ರಾಮಸಭೆಯಲ್ಲಿ ಕೇಳಬೇಕಾದ ಪ್ರಶ್ನೆಗಳಲ್ಲಿ ಇದು ಮೊದಲನೆಯದು. ಹೊಸ ಗೋಪುರ ಯಾವಾಗ ಎಂದು ಕೇಳುವ ಮುನ್ನ, ಇರುವ ಗೋಪುರಕ್ಕೆ, ಇರುವ ಕೇಂದ್ರಕ್ಕೆ ಬ್ಯಾಟರಿ ಯಾವಾಗ ಬದಲಿಸಿದ್ದು ಎಂದು ಕೇಳುವವರು ವಿರಳ.

ತಂತಿ ಬಾರದ ಮನೆಗಳ ಸಂಗತಿ ಬೇರೆ. ತೋಟದ ಮನೆಗೆ ತಂತಿ ಬಂದಿರುತ್ತದೆ. ಅದೇ ತೋಟದಲ್ಲಿ ದುಡಿಯುವವರ ಕೇರಿ ಅರ್ಧ ಕಿಲೋಮೀಟರು ಆಚೆ, ಹಳ್ಳದಾಚೆಯ ದಿಬ್ಬದಲ್ಲಿರುತ್ತದೆ. ನಾಲ್ಕು ಮನೆಗಳಿಗಾಗಿ ಕೇಬಲ್ ಎಳೆದರೆ ಗಿಟ್ಟುವುದಿಲ್ಲವೆಂದು ಅವರು ಹೇಳುತ್ತಾರೆ. ಆ ಕೇರಿಯ ಮಕ್ಕಳು ಸಂಜೆ ತೋಟದ ಮನೆಯ ದಣಪೆಯ ಬಳಿ ನಿಂತು ಮೊಬೈಲು ಹಿಡಿಯುವುದನ್ನು ಕಂಡವರಿದ್ದಾರೆ. ಕೆಲವರು ಅವರನ್ನು ಒಳಗೆ ಕರೆಯುತ್ತಾರೆ, ಕೆಲವರು ಗುಪ್ತಪದ ಬದಲಿಸುತ್ತಾರೆ.

ಇದಕ್ಕೆ ಮಾರ್ಗವಿದೆ, ಮತ್ತು ಆ ಮಾರ್ಗವನ್ನು ತೋರಿದವರು ಬೆಟ್ಟದ ಜನರೇ. ನೇಪಾಳದ ಮ್ಯಾಗ್ದಿ ಜಿಲ್ಲೆಯ ನಾಂಗಿ ಎಂಬ ಹಳ್ಳಿಯ ಶಿಕ್ಷಕ ಮಹಾಬೀರ್ ಪುನ್ ಅವರು, ದೂರವಾಣಿಯೂ ಇಲ್ಲದ ತಮ್ಮ ಊರಿಗೆ ಸಾಮಾನ್ಯ ವೈಫೈ ಉಪಕರಣಗಳಿಂದಲೇ ಬೆಟ್ಟದಿಂದ ಬೆಟ್ಟಕ್ಕೆ ಸಂಪರ್ಕ ಹಾರಿಸಿದರು. ಮರದ ಮೇಲೆ ಆಂಟೆನಾ ಕಟ್ಟಿಯೇ ಅವರ ಕೆಲಸ ಆರಂಭವಾಯಿತು. 2007ರಲ್ಲಿ ಅವರಿಗೆ ರಾಮನ್ ಮ್ಯಾಗ್ಸೆಸೆ ಪ್ರಶಸ್ತಿ ಸಂದಿತು. ಭಾರತದಲ್ಲಿ 2.4 ಗಿಗಾಹರ್ಟ್ಸ್ ಪಟ್ಟಿಯನ್ನು ಹೊರಾಂಗಣದಲ್ಲಿಯೂ ಪರವಾನಗಿಯಿಲ್ಲದೆ ಬಳಸಲು 2005ರ ಜನವರಿಯಲ್ಲಿ ಅನುಮತಿ ದೊರೆಯಿತು. ಮರುತಿಂಗಳೇ ಹಿಮಾಚಲದ ಧರ್ಮಶಾಲೆಯಲ್ಲಿ ಸಮುದಾಯದ ನಿಸ್ತಂತು ಜಾಲವೊಂದು ಆರಂಭವಾಯಿತು; ಏರ್‌ಜಲ್ದಿ ಎಂಬ ಹೆಸರಿನಲ್ಲಿ ಅದು ಬೆಳೆಯಿತು. 5 ಗಿಗಾಹರ್ಟ್ಸ್ ಪಟ್ಟಿಯೂ 2018ರಲ್ಲಿ ಮುಕ್ತವಾಯಿತು. ಅಂದರೆ ತೋಟದ ಮನೆಯ ಮಾಡಿನ ಮೂಲೆಗೆ ಒಂದು ದಿಕ್ಕಿನ ಆಂಟೆನಾ, ಕೇರಿಯ ತುದಿಮನೆಗೆ ಇನ್ನೊಂದು ಕಟ್ಟಿ ಕಿಲೋಮೀಟರುಗಟ್ಟಲೆ ಸಂಪರ್ಕ ದಾಟಿಸುವುದು, ವಿಧಿಸಿದ ಶಕ್ತಿಯ ಮಿತಿಯೊಳಗೆ, ಕಾನೂನಿಗೆ ಸಮ್ಮತವಾದದ್ದೇ. ಕಂಪನಿಯ ಒಪ್ಪಂದ ಮರುಮಾರಾಟವನ್ನು ನಿಷೇಧಿಸಿದ್ದರೆ, 2020ರ ಡಿಸೆಂಬರಿನಲ್ಲಿ ಒಪ್ಪಿಗೆ ಪಡೆದ ಪಿಎಂ-ವಾಣಿ ವ್ಯವಸ್ಥೆಯಡಿ ಕಿರಾಣಿ ಅಂಗಡಿಯವರೂ ಸ್ವಸಹಾಯ ಸಂಘದವರೂ ಪರವಾನಗಿ ಶುಲ್ಕವಿಲ್ಲದೆ ಸಾರ್ವಜನಿಕ ವೈಫೈ ನಡೆಸಬಹುದು. ಸೊಸೈಟಿಯ ಕಟ್ಟಡದಲ್ಲಿ, ಹಾಲಿನ ಡೇರಿಯಲ್ಲಿ ಇದನ್ನು ಮಾಡಲು ಅಡ್ಡಿಯೇನು?

ಅಡ್ಡಿಯೆಂದು ಮೊದಲು ನೆನಪಾಗುವುದು ಮರ. ಎರಡು ಆಂಟೆನಾಗಳ ನಡುವೆ ಕಣ್ಣಿಗೆ ಕಾಣುವ ನೇರ ದಾರಿ ಇದ್ದರಷ್ಟೇ ಸಾಲದು. ಅಲೆಗೆ ಸೌತೆಕಾಯಿಯಂಥ ಉಬ್ಬಿದ ದಾರಿ ಬೇಕು. ಒಂದು ಕಿಲೋಮೀಟರಿನ ಕೊಂಡಿಗೆ 2.4 ಗಿಗಾಹರ್ಟ್ಸ್‌ನಲ್ಲಿ ಆ ದಾರಿಯ ತ್ರಿಜ್ಯ ನಡುಮಧ್ಯದಲ್ಲಿ ಸುಮಾರು ಐದೂವರೆ ಮೀಟರ್. ಅದರ ಅರ್ಧಕ್ಕಿಂತ ಸ್ವಲ್ಪ ಹೆಚ್ಚು ಭಾಗವಾದರೂ ತೆರವಾಗಿರಬೇಕು. ನೀರು ತುಂಬಿದ ಹಸಿರೆಲೆ ಅಲ್ಲಿ ಅಡ್ಡ ಬಂದರೆ ಕೊಂಡಿ ಕುಂಟುತ್ತದೆ. ಆಗ ಕೊಡಲಿಯ ಕಡೆ ಕೈ ಹೋಗುವುದುಂಟು. ಆ ಕೈಯನ್ನು ತಡೆಯಬೇಕು. ಮರವನ್ನು ಕಡಿಯುವ ಬದಲು ಆಂಟೆನಾವನ್ನು ನಾಲ್ಕು ಮೀಟರ್ ಮೇಲೇರಿಸಬಹುದು, ಇಲ್ಲವೇ ಎಡಕ್ಕೆ ಹತ್ತು ಹೆಜ್ಜೆ ಸರಿಸಬಹುದು, ಇಲ್ಲವೇ ನಡುವಿನ ಮನೆಯೊಂದರಲ್ಲಿ ಒಂದು ತಿರುವು ಕೊಡಬಹುದು. ಅಡಿಕೆ ಮರದ ತುದಿಯನ್ನು ನಂಬಿ ಆಂಟೆನಾ ಕಟ್ಟುವುದು ಮಾತ್ರ ಬೇಡ. ಗಾಳಿಗೆ ಅದು ಬಾಗಿ ತೂಗಿದಂತೆಲ್ಲ ಕೊಂಡಿ ತಪ್ಪುತ್ತದೆ. ಊರಿಗೆ ಇಷ್ಟು ವರ್ಷ ನೆರಳು, ಹಣ್ಣು, ಸೊಪ್ಪು ಕೊಟ್ಟ ಹಲಸಿನ ಮರವನ್ನು ಒಂದು ಯಂತ್ರದ ಅನುಕೂಲಕ್ಕೆ ಉರುಳಿಸುವವರು, ಆ ಯಂತ್ರಕ್ಕೆ ಮುಂದಿನ ಐದು ವರ್ಷದಲ್ಲಿ ಬದಲಿ ಬರುತ್ತದೆಂಬುದನ್ನು ಮರೆಯುತ್ತಾರೆ. ಮರಕ್ಕೆ ಮೊಳೆ ಹೊಡೆದು ಕೇಬಲ್ ತೂಗುವ ಪದ್ಧತಿಯೂ ನಿಲ್ಲಬೇಕು. ಕಟ್ಟಲೇಬೇಕಾದಲ್ಲಿ ಸಡಿಲ ಪಟ್ಟಿಯಿಂದ ಕಟ್ಟಿ, ಮರ ದಪ್ಪವಾದಂತೆ ವರ್ಷಕ್ಕೊಮ್ಮೆ ಬಿಚ್ಚಿ ಕಟ್ಟಬೇಕು.

ವಿಕಿರಣದ ಭಯ ಹಳ್ಳಿಗಳಲ್ಲಿ ಆಗಾಗ ಏಳುತ್ತದೆ. ಪರಿಸರದ ಸಂಘಟನೆಗಳು ಈ ಭಯವನ್ನು ಊದಿ ದೊಡ್ಡದು ಮಾಡಬಾರದು, ಹಾಗೆಂದು ನಕ್ಕು ತಳ್ಳಲೂಬಾರದು. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಘಟಕವು 2011ರಲ್ಲಿ ರೇಡಿಯೋ ಅಲೆಗಳನ್ನು ‘ಕ್ಯಾನ್ಸರ್ ಉಂಟುಮಾಡುವ ಸಾಧ್ಯತೆಯಿರಬಹುದಾದ’ ಗುಂಪಿನಲ್ಲಿ ಇರಿಸಿತು. ಅದು ಎಚ್ಚರಿಕೆಯೇ ಹೊರತು ತೀರ್ಪಲ್ಲ. ಗೋಪುರಗಳ ವಿಕಿರಣಕ್ಕೆ ಭಾರತ 2012ರ ಸೆಪ್ಟೆಂಬರಿನಿಂದ ಅಂತರರಾಷ್ಟ್ರೀಯ ಮಿತಿಯ ಹತ್ತನೇ ಒಂದು ಭಾಗವನ್ನು ಮಿತಿಯಾಗಿ ಇಟ್ಟುಕೊಂಡಿದೆ. ಮನೆಯ ರೌಟರಿನ ಅಲೆಯ ಶಕ್ತಿ ಸಾಮಾನ್ಯವಾಗಿ ವ್ಯಾಟಿನ ಹತ್ತನೇ ಒಂದು ಭಾಗದ ಆಸುಪಾಸಿನದು, ಮತ್ತು ದೂರ ಇಮ್ಮಡಿಯಾದರೆ ಅದರ ಬಲ ನಾಲ್ಕನೇ ಒಂದಕ್ಕೆ ಇಳಿಯುತ್ತದೆ. ಗಮನಿಸಬೇಕಾದ ಸಂಗತಿ ಇನ್ನೊಂದಿದೆ. ಸಂಕೇತ ಕ್ಷೀಣವಾದ ಮನೆಯಲ್ಲಿ ಮೊಬೈಲ್ ಫೋನು ದೂರದ ಗೋಪುರವನ್ನು ಮುಟ್ಟಲು ತನ್ನ ಪೂರ್ಣಶಕ್ತಿಯಿಂದ ಕೂಗುತ್ತದೆ, ಅದೂ ಕಿವಿಯ ಪಕ್ಕದಲ್ಲೇ. ಅದೇ ಫೋನು ಕೋಣೆಯ ವೈಫೈಯನ್ನು ಹಿಡಿದಾಗ ಅಷ್ಟು ಕೂಗಬೇಕಿಲ್ಲ. ಮಂಚದ ತಲೆದಿಸೆಗೆ ರೌಟರ್ ಇಡದೆ ನಡುಮನೆಯ ತೊಲೆಗೆ ಏರಿಸುವುದು ಈ ದೃಷ್ಟಿಯಿಂದಲೂ ಸರಿಯೇ.

2019ರ ಕೊನೆಗೆ ಮತ್ತು 2020ರ ಆರಂಭಕ್ಕೆ ದೇಶದ ಎರಡು ದೊಡ್ಡ ಮೊಬೈಲ್ ಕಂಪನಿಗಳು ವೈಫೈ ಮೂಲಕವೇ ಸಾಮಾನ್ಯ ಕರೆ ಮಾಡುವ ಸೌಲಭ್ಯವನ್ನು ಆರಂಭಿಸಿದವು. ಫೋನಿನ ವ್ಯವಸ್ಥೆಯಲ್ಲಿ ಅದನ್ನು ಒಮ್ಮೆ ತೆರೆದುಕೊಂಡರೆ ಸಾಕು; ಗೋಪುರದ ಒಂದು ಗೆರೆಯೂ ಇಲ್ಲದ ಕಣಿವೆಯ ಮನೆಯಲ್ಲಿ ಮಾತು ಬರುತ್ತದೆ, ಹಲವು ಫೋನುಗಳಲ್ಲಿ ಬ್ಯಾಂಕಿನ ಗುಪ್ತಸಂಖ್ಯೆಯೂ ಬರುತ್ತದೆ. ಪಡಿತರ, ಪಿಂಚಣಿ, ಬೆಳೆವಿಮೆ ಎಲ್ಲವೂ ಆ ಆರು ಅಂಕಿಗಳಿಗೆ ಕಟ್ಟುಬಿದ್ದಿರುವ ಈ ಕಾಲದಲ್ಲಿ, ಒಟಿಪಿಗಾಗಿ ಗುಡ್ಡ ಹತ್ತುವ ವೃದ್ಧರು ಇನ್ನೂ ಇದ್ದಾರೆಂದರೆ ಅದಕ್ಕೆ ಗೋಪುರದ ಕೊರತೆ ಎಷ್ಟು ಕಾರಣವೋ ಈ ಸೌಲಭ್ಯವನ್ನು ಯಾರೂ ಹೇಳಿಕೊಡದಿರುವುದೂ ಅಷ್ಟೇ ಕಾರಣ.

ಗೋಪುರವೇ ಬೇಡವೆಂಬ ವಾದ ಇದಲ್ಲ. ತೋಟದಲ್ಲಿ ಮರದಿಂದ ಬಿದ್ದವನಿಗೆ, ಘಟ್ಟದ ತಿರುವಿನಲ್ಲಿ ಕೆಟ್ಟುನಿಂತ ಬಸ್ಸಿಗೆ ಮನೆಯ ವೈಫೈ ಒದಗುವುದಿಲ್ಲ. ಅಲ್ಲಿ ಗೋಪುರ ಬೇಕು. ಆದರೆ ಪ್ರತಿ ಬೆಟ್ಟದ ನೆತ್ತಿಗೂ ಒಂದೊಂದು ಗೋಪುರ, ಅದಕ್ಕೊಂದು ಮಣ್ಣುರಸ್ತೆ, ಅದಕ್ಕೊಂದು ಡೀಸೆಲ್ ಜನರೇಟರ್ ಎಂಬ ದಾರಿಗಿಂತ, ಇರುವ ರಸ್ತೆಯ ಬದಿಯಲ್ಲಿ ಬೆಳಕಿನ ತಂತಿ ಹೂತು ಮನೆಮನೆಗೆ ಒಯ್ಯುವ ದಾರಿ ಬೆಟ್ಟಕ್ಕೆ ಹಗುರವಾದದ್ದು. ಅದನ್ನೂ ವಿವೇಕದಿಂದ ಮಾಡಬೇಕು. ಗುಡ್ಡ ಕಡಿದು ಮಾಡಿದ ರಸ್ತೆಯ ದರೆಯ ಬುಡದಲ್ಲಿ ಜೂನ್ ತಿಂಗಳಲ್ಲಿ ಯಂತ್ರದಿಂದ ಕಾಲುವೆ ಅಗೆದು, ಸಡಿಲ ಮಣ್ಣು ಮುಚ್ಚಿ ಹೋಗುವ ಗುತ್ತಿಗೆದಾರರು ಕುಸಿತಕ್ಕೆ ತಾವೇ ದಾರಿ ತೋರಿಸುತ್ತಾರೆ. ಅಗೆತ ಏನಿದ್ದರೂ ಜನವರಿಯಿಂದ ಏಪ್ರಿಲ್‌ವರೆಗೆ ಮುಗಿಯಬೇಕು, ಚರಂಡಿಯ ದಾರಿ ತಪ್ಪಬಾರದು ಎಂದು ಪಂಚಾಯಿತಿಗಳು ಅನುಮತಿ ಪತ್ರದಲ್ಲಿಯೇ ಬರೆಸಬಹುದು.

ಈ ಎಲ್ಲಕ್ಕೂ ಮೊದಲು, ಮಳೆ ಹಿಡಿಯುವುದರೊಳಗೆ, ಮನೆಯಲ್ಲೇ ಮಾಡಬಹುದಾದ ಒಂದು ಕೆಲಸವಿದೆ. ಪೆಟ್ಟಿಗೆಯನ್ನು ಎಲ್ಲಿಡಬೇಕೆಂಬ ತೀರ್ಮಾನವನ್ನು ಜಗಲಿಯಲ್ಲಿ ಕುಳಿತವರಿಂದ ತೆಗೆದು, ಪರೀಕ್ಷೆಗೆ ಓದುತ್ತಿರುವವರಿಗೂ ಅಡುಗೆಮನೆಯಲ್ಲಿರುವವರಿಗೂ ಕೊಡುವುದು. ಹದಿನೈದು ಮೀಟರ್ ತಂತಿ, ನಾಲ್ಕು ಕ್ಲಿಪ್ಪು, ಒಂದು ಏಣಿ ಸಾಕು. ಟಿ.ವಿ.ಗೆ ನೆಟ್ ತಪ್ಪುತ್ತದೆಂದು ಯಜಮಾನರು ಗೊಣಗಿದರೆ, ಅಟ್ಟದಲ್ಲಿರುವ ಹಳೆಯ ರೌಟರನ್ನು ಇಳಿಸಿ ಜಗಲಿಗೆ ಕಟ್ಟಿಕೊಡಬಹುದು.